ತಂತಿಯ ಮೇಲಿನ ಶರ್ಟು

"ಮನೆಯಲ್ಲಿ ಗಂಡಸರು ಯಾರಾದ್ರೂ ಇದ್ದಾರಾ?"

ಬಾಗಿಲಲ್ಲಿ ನಿಂತಿದ್ದ ಅಪರಿಚಿತ ಕೇಳಿದ. ಹೆಗಲಿಗೆ ಕಪ್ಪು ಬ್ಯಾಗು, ಕೈಯಲ್ಲಿ ಮಡಿಸಿದ ಪ್ಯಾಂಟು.

ಹೊಲಿಗೆ ಮಷೀನಿನ ಮುಂದೆ ಕೂತಿದ್ದ ಅವಳು ಕತ್ತರಿಯನ್ನು ಬಿಗಿಯಾಗಿ ಹಿಡಿದುಕೊಂಡೇ ಎದ್ದಳು.

"ನಮ್ಮ ಯಜಮಾನರು ಅಂಗಡಿಗೆ ಹೋಗಿದ್ದಾರೆ, ಈಗ ಬರ್ತಾರೆ. ಏನಾಗಬೇಕಿತ್ತು?"

ಅವನ ಕಣ್ಣು ಅಂಗಳದ ತಂತಿಯ ಕಡೆ ಹೋಯಿತು. ಅಲ್ಲಿ ನೀಲಿ ಗೀಟಿನ ಶರ್ಟೊಂದರಿಂದ ನೀರು ತೊಟ್ಟಿಕ್ಕುತ್ತಿತ್ತು.

"ಅದು ಅವರದಾ?"

"ಮತ್ತೆ? ನಿಮ್ಮದಾ?" ಎಂದಳು ಅವಳು.

ಸುಳ್ಳು! ಆ ಶರ್ಟಿನ ಯಜಮಾನ ತೀರಿಕೊಂಡು ಹದಿನಾಲ್ಕು ತಿಂಗಳಾಗಿತ್ತು. ಪ್ರೆಸ್ಸಿನ ಕೆಲಸ ಮುಗಿಸಿ ಸೈಕಲ್ಲಿನಲ್ಲಿ ಬರುತ್ತಿದ್ದವನ ಮೇಲೆ ತಿರುವಿನಲ್ಲಿ ಲಾರಿಯೊಂದು... ಬೇಡ. ಅದನ್ನು ಅವಳು ಪೊಲೀಸರಿಗೆ, ವಕೀಲರಿಗೆ, ಕೋರ್ಟಿಗೆ ಹೇಳಿ ಹೇಳಿ ಸೋತಿದ್ದಾಳೆ. ನಾವೂ ಹೇಳಿಸುವುದು ಬೇಡ.

ಮನೆಯಲ್ಲಿ ಉಳಿದದ್ದು ಅವಳು, ಕಣ್ಣು ಮಂಜಾದ ಅತ್ತೆ. ಗಂಡಸಿಲ್ಲದ ಮನೆ ಎಂದು ಗೊತ್ತಾದ ಮೇಲೆ ಹೊತ್ತಲ್ಲದ ಹೊತ್ತಿನಲ್ಲಿ ಬಾಗಿಲು ತಟ್ಟುವವರು ಹೆಚ್ಚಾದರು. ಆಗ ಅತ್ತೆಯೇ ಉಪಾಯ ಹೇಳಿದ್ದರು. "ದಿನಾ ನನ್ನ ಮಗನ ಶರ್ಟನ್ನ ಒದ್ದೆ ಮಾಡಿ ತಂತಿಗೆ ಹಾಕಮ್ಮ. ಯಾರಾದ್ರೂ ಕೇಳಿದ್ರೆ, ಈಗ ಬರ್ತಾರೆ ಅನ್ನು."

ಈಗ ಬರ್ತಾರೆ... ಅವನು ಬರುವುದಿಲ್ಲ ಎಂದು ಅವಳಿಗಿಂತ ಚೆನ್ನಾಗಿ ಬಲ್ಲವರು ಯಾರು?

ಬಂದವನು ಪ್ಯಾಂಟಿನ ಉದ್ದ ಕಡಿಮೆ ಮಾಡಲು ಕೊಟ್ಟು ಹೋದ. ವಾರದ ನಂತರ ಮತ್ತೆ ಬಂದ. "ಇನ್ನೂ ಸ್ವಲ್ಪ ಉದ್ದ ಅನ್ನಿಸ್ತು..."

ಮೂರನೇ ಸಲವೂ ಅದೇ ಪ್ಯಾಂಟು! ಒಳಗಿಂದ ಅತ್ತೆ ನಕ್ಕರು. "ಬ್ಯಾಗಿನವನೇ, ಇನ್ನೆರಡು ಸಲ ಬಂದ್ರೆ ಅದು ಚಡ್ಡಿ ಆಗುತ್ತೆ ಕಣಪ್ಪ!"

ಅವನು ನಾಚಿಕೊಂಡ. ಅತ್ತೆಯ ಪಕ್ಕ ಕೂತು ಅವರ ಸೂಜಿಗೆ ದಾರ ಪೋಣಿಸಿಕೊಟ್ಟ. ಎಷ್ಟೋ ತಿಂಗಳ ಮೇಲೆ ಆ ಮನೆಯಲ್ಲಿ ನಗು ಕೇಳಿಸಿತ್ತು. ಅವಳ ಕೈ ಹೊಲಿಗೆಯ ಮೇಲೆ ನಿಂತುಬಿಟ್ಟಿತು.

'ಇವರಿಗೆ ನಿಜ ಹೇಳಿಬಿಡಲಾ?... ಛೆ! ನನಗೇನಾಗಿದೆ?'

ಹೋಗುವಾಗ ಅವನು ತಂತಿಯ ಮೇಲಿನ ಶರ್ಟನ್ನು ತುಂಬ ಹೊತ್ತು ನೋಡಿದ. ಮುಖ ಸಪ್ಪಗಾಯಿತು. ಆಮೇಲೆ ಬರಲೇ ಇಲ್ಲ.

ಅವಳು ಅವನನ್ನು ಮತ್ತೆ ಕಂಡದ್ದು ಕೋರ್ಟಿನಲ್ಲಿ. ಲಾರಿಯ ವಿಮಾ ಕಂಪನಿಯ ಕಡೆಯ ಸಾಕ್ಷಿಯಾಗಿ!

ಪ್ಯಾಂಟು, ಸೂಜಿದಾರ, ಆ ನಾಚಿಕೆ... ಎಲ್ಲ ನಾಟಕವಾ? ಕಂಪನಿಯ ತನಿಖೆಗೆ ಬಂದವನಾ ಇವನು?

ಕಂಪನಿಯ ವಕೀಲರು ವರದಿ ಓದಿದರು. "ಈಕೆಗೆ ಈಗ ಬೇರೆ ಗಂಡಸಿನ ಆಸರೆ ಇದೆ. ಯಜಮಾನರು ಅಂತ ಆಕೆಯೇ ಹೇಳಿದ್ದಾರೆ. ಅವರ ಬಟ್ಟೆ ಅಂಗಳದಲ್ಲಿ ಒಣಗ್ತಿತ್ತು. ಇಂಥವರಿಗೆ ಪರಿಹಾರ ಯಾಕೆ ಕೊಡಬೇಕು?"

ಪರಿಹಾರ ಬಂದರೆ ಅತ್ತೆಯ ಕಣ್ಣಿನ ಆಪರೇಷನ್. ಬರದಿದ್ದರೆ ಪೂರ್ತಿ ಕತ್ತಲು. ಅದಕ್ಕಿಂತ ಹೆಚ್ಚಾಗಿ, ಈ ಮಾತು! ಸುಟ್ಟ ಗಾಯದ ಮೇಲೆ ಉಪ್ಪು ಸುರಿದಂತಾಯಿತು. ಅವಳು ಎದ್ದಳು.

"ಸುಳ್ಳು ಹೇಳಿದ್ದು ನಿಜ ಸ್ವಾಮಿ. ಅದು ಸತ್ತುಹೋದ ನನ್ನ ಗಂಡನ ಶರ್ಟು. ಮನೆಯಲ್ಲಿ ಗಂಡಸಿದ್ದಾನೆ ಅಂತ ನಾಲ್ಕು ಜನ ಅಂದುಕೊಳ್ಳಲಿ ಅಂತ ದಿನಾ ಒದ್ದೆ ಮಾಡಿ ಹಾಕ್ತೀನಿ. ಇಲ್ಲದಿದ್ರೆ ಬಾಗಿಲು ತಟ್ತಾರೆ..."

ಹಿಂದಿನ ಬೆಂಚಿನಿಂದ ಅತ್ತೆಯ ದನಿ ಕೇಳಿಸಿತು. "ಕಣ್ಣಾರೆ ಕಂಡರೂ ಪರಾಂಬರಿಸಿ ನೋಡು ಅಂತಾರಪ್ಪ ಬ್ಯಾಗಿನವನೇ. ನಿನಗೆ ಕಣ್ಣಿತ್ತಲ್ಲ!"

ಸಾಕ್ಷಿಕಟ್ಟೆಯಲ್ಲಿ ಅವನ ಮುಖ ಬಿಳಿಚಿಕೊಂಡಿತು. ನ್ಯಾಯಾಧೀಶರ ಕಡೆ ತಿರುಗಿದ.

"ಮೂರು ಸಲ ಹೋಗಿದ್ದೆ ಸ್ವಾಮಿ. ಮೂರು ಸಲವೂ ಅದೇ ನೀಲಿ ಗೀಟಿನ ಶರ್ಟು. ಬಾಗಿಲಲ್ಲಿ ಗಂಡಸಿನ ಚಪ್ಪಲಿ ಇರಲಿಲ್ಲ. ನಾನು ಇದನ್ನೆಲ್ಲ ನೋಡಿಯೂ ಯೋಚಿಸಲಿಲ್ಲ. ನನ್ನ ವರದಿ ತಪ್ಪು."

ಆ ಸಂಜೆಯೇ ಅವನ ಕೆಲಸ ಹೋಯಿತು. ಮುಂದಿನ ತಿಂಗಳು ತೀರ್ಪು ಅವಳ ಕಡೆ ಆಯಿತು. ಅವಳಿಗೆ ಸಂತೋಷವಾಗಲಿಲ್ಲ. ಗಂಡನಿಗೆ ಬೆಲೆ ಕಟ್ಟಿದ ಕಾಗದವನ್ನು ಮಡಿಲಲ್ಲಿಟ್ಟುಕೊಂಡು ಬಿಕ್ಕಿ ಬಿಕ್ಕಿ ಅತ್ತಳು.

'ಒಂದು ಸಲವಾದ್ರೂ ಬಂದು ತಪ್ಪಾಯ್ತು ಅನ್ನಬಾರದಿತ್ತಾ? ಬರಲಿ, ಮುಖದ ಮೇಲೆ ಬಾಗಿಲು ಹಾಕ್ತೀನಿ!' ಹೀಗೆ ಶಪಿಸುತ್ತಲೇ ದಿನಾ ಬಾಗಿಲು ನೋಡುತ್ತಿದ್ದಳು. ಮೂರು ತಿಂಗಳು ಕಳೆಯಿತು.

ಒಂದು ಬೆಳಿಗ್ಗೆ ಅವನು ಬಂದ. ಸೊರಗಿದ್ದ. ಹೆಗಲಲ್ಲಿ ಬ್ಯಾಗಿರಲಿಲ್ಲ.

"ಈಗ ನೆನಪಾಯ್ತಾ?" ಅವಳ ಕಣ್ಣು ತುಂಬಿತು. "ಮೂರು ತಿಂಗಳು!"

"ಅಪೀಲಿನ ಗಡುವು ನಿನ್ನೆ ಮುಗೀತು," ಎಂದ ಅವನು ಮೆಲ್ಲಗೆ. "ಅದಕ್ಕೆ ಮುಂಚೆ ಈ ಬಾಗಿಲಿಗೆ ಬಂದಿದ್ರೆ, ಇಬ್ಬರೂ ಸೇರಿಕೊಂಡು ಸಾಕ್ಷಿ ತಿರುಗಿಸಿದ್ರು ಅಂತ ಕಂಪನಿ ಮತ್ತೆ ಕೋರ್ಟಿಗೆ ಹೋಗ್ತಿತ್ತು. ಅಮ್ಮನ ಕಣ್ಣು..."

ಮುಖದ ಮೇಲೆ ಬಾಗಿಲು ಹಾಕುತ್ತೇನೆ ಎಂದಿದ್ದವಳು ಬಾಗಿಲನ್ನು ಪೂರ್ತಿ ತೆರೆದಳು.

"ವರದಿ ಮೊದಲನೇ ಸಲಕ್ಕೇ ಬರೆದಾಗಿತ್ತು. ಇನ್ನೆರಡು ಸಲ ಬಂದದ್ದು ನಿಮ್ಮನ್ನ ನೋಡೋಕೆ."

"ನನಗೆ ಬೇರೆ ಗಂಡ ಇದ್ದಾನೆ ಅಂತ ನಂಬಿಕೊಂಡು?"

"ಅದಕ್ಕೇ ಬರೋದು ಬಿಟ್ಟೆ. ಆದ್ರೆ ಮನಸ್ಸು ಬಿಡಲಿಲ್ಲ. ನೀವಂದ್ರೆ ನನಗೆ ತುಂಬಾ ಇಷ್ಟ. ನಾನು ಮಾಡಿದ ಅನ್ಯಾಯಕ್ಕೆ ಕ್ಷಮೆ ಕೇಳೋ ಯೋಗ್ಯತೆ ಇಲ್ಲ. ಬೇಡ ಅಂದ್ರೆ ಈಗಲೇ ಹೋಗ್ತೀನಿ."

ಆಪರೇಷನ್ನಿನ ಹಸಿರು ಪಟ್ಟಿಯನ್ನು ಒಂದು ಕಣ್ಣಿಗೆ ಕಟ್ಟಿಕೊಂಡಿದ್ದ ಅತ್ತೆ ಒಳಗಿನಿಂದ ಕೆಮ್ಮಿದರು. "ಹೋಗೋದಾದ್ರೆ ನನ್ನ ಸೂಜಿಗೆ ದಾರ ಹಾಕಿಕೊಟ್ಟು ಹೋಗು. ಹೋಗದೆ ಇದ್ರೂ ಹಾಕಿಕೊಡು."

ಅವನು ಅಂಗಳದತ್ತ ತಿರುಗಿ ನೋಡಿದ. ತಂತಿ ಖಾಲಿ ಇತ್ತು.

"ಶರ್ಟು?"

"ಒಗೆದು ಒಗೆದು ಹರಿಯೋಕೆ ಬಂತು. ಅವರದು ಅಂತ ಉಳಿದದ್ದು ಅದೊಂದೇ. ಪೆಟ್ಟಿಗೆಯಲ್ಲಿ ಎತ್ತಿಟ್ಟೆ."

"ಅದು ಯಾವಾಗಲೂ ಅಲ್ಲೇ ಇರಲಿ," ಎಂದ ಅವನು. ಸ್ವಲ್ಪ ತಡೆದು ಕೇಳಿದ. "ತಂತಿ ಖಾಲಿ ಇದ್ರೆ ಹೆದರಿಕೆ ಆಗಲ್ವಾ?"

"ಆಗುತ್ತೆ..." ಅವಳು ಕಣ್ಣೊರೆಸಿಕೊಂಡಳು. "ನಿಮ್ಮ ಹತ್ರ ಎಷ್ಟು ಶರ್ಟಿವೆ?"

"ನಾಲ್ಕು."

"ದಿನಾ ಬೇರೆ ಬೇರೆ ಹಾಕ್ಕೊಳ್ಳಿ. ಒಗೆಯೋದು ಮಾತ್ರ ನೀವೇ."

"ನಾನೇ ಒಗೀತೀನಿ."

"ಸಂಜೆ ಯಾರಾದ್ರೂ ಬಂದು ಕೇಳಿದ್ರೆ?" ಎಂದಳು ಅವಳು.

"ಈಗ ಬರ್ತಾರೆ ಅನ್ನಿ," ಎಂದ ಅವನು. "ನಾನು ಬರ್ತೀನಿ."