ಹಗೇವಿನೊಳಗಿನ ಎಣಿಕೆ

ಸರ್ಕಾರದವರು ಲೆವಿ ಅಂತ ಮನೆಮನೆಯ ರಾಗಿ ಎತ್ತಿಕೊಂಡು ಹೋಗುತ್ತಿದ್ದ ಯುದ್ಧದ ಕಾಲ. ಹನಕೆರೆಯ ನಮ್ಮ ಹಿತ್ತಲಲ್ಲಿ ನೆಲದಡಿಯ ಹಗೇವಿನಲ್ಲಿ ಒಂದಿಷ್ಟು ರಾಗಿ ಬಚ್ಚಿಟ್ಟಿದ್ದೆವು. ಒಂದು ಮಧ್ಯಾಹ್ನ ಖಾಲಿ ಚೀಲ, ಅಳೆಯುವ ಕೊಳಗ ಹಿಡಿದು ಅದರೊಳಕ್ಕೆ ಇಳಿದೆ. ಅಷ್ಟರಲ್ಲಿ ಮೇಲಿಂದ ಅವ್ವ, "ಲೆವಿಯವ್ರು ಬತ್ತಾವ್ರೆ, ಉಸ್ರೆತ್ತಬ್ಯಾಡ ಕಣ್ಲಾ ಮಗ" ಅಂದು ಹಗೇವಿನ ಬಾಯಿಗೆ ಕಲ್ಲು ಎಳೆದಳು. ಅದರ ಮೇಲೆ ಸಗಣಿ ಸಾರಿಸುವ ಸದ್ದೂ ಕೇಳಿಸಿತು.

ಕಣ್ಣು ಬಿಟ್ಟರೂ ಮುಚ್ಚಿದರೂ ಒಂದೇ ಕತ್ತಲು. ಹಗೇವಿನೊಳಗೆ ಯಾವಾಗಲೂ ಧಗೆ. ಆದರೆ ನನ್ನ ಎಡಭುಜದ ಪಕ್ಕ ಮಾತ್ರ ತಣ್ಣಗಿತ್ತು. ಆಮೇಲೆ ಅಲ್ಲೇ ಯಾರೋ ರಾಗಿ ಮೊಗೆದು ಮೊಗೆದು ಸುರಿಯತೊಡಗಿದರು. ಕಣದಲ್ಲಿ ಅಳೆಯುವಾಗ ನಾವು ಒಂದು ಅನ್ನದೆ ಲಾಭ ಅಂತ ಶುರುಮಾಡುತ್ತೇವಲ್ಲ, ಹಾಗೇ ಒಂದು ಸಣ್ಣ ದನಿ: "ಲಾಭ... ಎಲ್ಡು... ಮೂರು..."

ಕಿರುಚಿದರೆ ಮೇಲಿನವರಿಗೆ ಕೇಳುತ್ತದೆ. ಪಂಚೆಯ ಚುಂಗನ್ನು ಬಾಯಿಗೆ ತುರುಕಿಕೊಂಡು, ಕೊಳಗವನ್ನು ಎದೆಗೆ ಅವಚಿಕೊಂಡು ನಿಂತೆ.

ಎಷ್ಟೋ ಹೊತ್ತಿಗೆ ಕಲ್ಲು ಸರಿಯಿತು. ಒಳಗೆ ನಾನೊಬ್ಬನೇ. ಅವ್ವ ಬಗ್ಗಿ ನೋಡಿ, "ಕತ್ಲಲ್ಲೇ ಚೀಲ ತುಂಬಿ ಬಾಯಿ ಕಟ್ಬುಟ್ಟಿದ್ದೀಯಲ್ಲ ಮಗ" ಅಂದಳು.

ಕಾಲ ಬಳಿ ಚೀಲ ತುಂಬಿ ನಿಂತಿತ್ತು. ಕೊಳಗ ಇನ್ನೂ ನನ್ನ ಎದೆಯ ಮೇಲೇ ಇತ್ತು. ಅದರೊಳಗೆ ಒಂದು ಕಾಳೂ ಇರಲಿಲ್ಲ.