ಹತ್ತದೇ ಬಿಟ್ಟ ತಾರಸಿ

"ನಾಲ್ಕು ದಿನದಿಂದ ನಿಮ್ಮನ್ನೇ ಕಾಯ್ತಾ ಇದೀನಿ ರೀ!"

ಬಾಗಿಲು ತೆರೆದವನು ಹಾಗೆ ಸಿಡುಕಿ, ಎದುರಿಗೆ ನಿಂತವಳ ಮುಖ ನೋಡಿ ತಡವರಿಸಿದ.

"ಅಂದ್ರೆ... ನಿಮ್ಮನ್ನಲ್ಲ... ಎಸಿ ಮೆಕ್ಯಾನಿಕ್‌ನ..."

"ನಾನೇ ಮೆಕ್ಯಾನಿಕ್," ಎಂದಳು ಡೆಲ್ಫೀನಾ. ಹೆಗಲ ಮೇಲಿದ್ದ ಏಣಿಯನ್ನು ಕೆಳಗಿಳಿಸುತ್ತ, "ಹಾಗಾದ್ರೆ ನನ್ನನ್ನೇ ಕಾದ ಹಾಗಾಯ್ತು," ಎಂದು ನಕ್ಕಳು.

ಅವನ ಕಿವಿ ಕೆಂಪಾಯಿತು. ಬಿಸಿಲಿಗೋ, ನಾಚಿಕೆಗೋ... ಅವಳಿಗೆ ತಿಳಿಯಲಿಲ್ಲ.

ಮರುಭೂಮಿಯ ನಡುವಿನ ಟೂಸಾನ್ ಊರಿನ ಜೂನ್ ತಿಂಗಳು. ಮಧ್ಯಾಹ್ನ ಮೂರು ಗಂಟೆ. ಬೀದಿಯಲ್ಲಿ ಒಂದು ನಾಯಿಯೂ ಇಲ್ಲ. ಮನೆಯೊಳಗೆ ಕಾಲಿಟ್ಟರೆ ಒಲೆಯ ಮುಂದೆ ನಿಂತಂತೆ ಧಗೆ.

ಅವನ ಹೆಸರು ಅನ್ಸೆಲ್ಮೊ ಬ್ರಾಕಮೊಂತೆ. ಶಾಲೆಯಲ್ಲಿ ಮಕ್ಕಳಿಗೆ ಪಿಟೀಲು ಕಲಿಸುವ ಮೇಷ್ಟ್ರು. ಒಳಗೆ ಕುರ್ಚಿಯಲ್ಲಿ ಅವನ ತಾಯಿ ದೋನ್ಯ ಬೆರ್ತಾ, ಕೊರಳಿಗೆ ಒದ್ದೆ ಟವೆಲ್ ಸುತ್ತಿಕೊಂಡು ಕೂತಿದ್ದಳು. ಉಸಿರಾಟದ ತೊಂದರೆ ಇದ್ದ ಮುದುಕಿ. ಒಂದೊಂದು ಮಾತಿಗೂ ಎದೆ ಏರಿ ಇಳಿಯುತ್ತಿತ್ತು. ಆದರೂ ಬಾಯಿ ಸುಮ್ಮನಿರಬೇಕಲ್ಲ!

"ಹೆಣ್ಣು ಮೆಕ್ಯಾನಿಕ್ಕಾ? ಭೇಷ್! ಗಂಡಸರನ್ನ ಕಳಿಸಿದ್ರೆ ಬರೀ ತಲೆ ಕೆರ್ಕೊಂಡು ಹೋಗ್ತಾರೆ. ಮೊದ್ಲು ಕಲ್ಲಂಗಡಿ ಪಾನಕ ಕುಡಿ ಮಗಳೇ, ಆಮೇಲೆ ಹತ್ತು."

ಡೆಲ್ಫೀನಾ ಕುಡಿದಳು. ಅನ್ಸೆಲ್ಮೊ ತನ್ನನ್ನೇ ನೋಡುತ್ತಿದ್ದಾನೆಂದು ಗೊತ್ತಾಗಿ ಲೋಟ ಬೇಗ ಕೆಳಗಿಟ್ಟಳು.

ಆ ಮನೆಗೆ ಬಿಸಿಗಾಳಿಯನ್ನೂ ತಂಗಾಳಿಯನ್ನೂ ಕೊಡುವ ಯಂತ್ರ ಒಂದೇ. ಅದು ಕೂತಿದ್ದದ್ದು ತಾರಸಿಯ ಮೇಲೆ. ಅವಳು ಏಣಿ ಒರಗಿಸಿ ಹತ್ತಿದಳು. ಅಂದು ಅದು ಅವಳ ಆರನೇ ಮನೆ. ಕೊನೆಯ ಮೆಟ್ಟಿಲು ತಲುಪುವಷ್ಟರಲ್ಲಿ ಕಣ್ಣು ಕತ್ತಲೆ ಬಂತು. ತಾರಸಿಯ ಅಂಚನ್ನು ಮುಟ್ಟಿದ ಅಂಗೈ ಚುರ್ರೆಂದಿತು. ಕಳೆದ ವಾರವಷ್ಟೇ ಅವಳ ಜೊತೆಗಾರನೊಬ್ಬ ಇಂಥದೇ ತಾರಸಿಯ ಮೇಲೆ ಪ್ರಜ್ಞೆ ತಪ್ಪಿ ಬಿದ್ದಿದ್ದ.

'ಬೇಡ... ಇವತ್ತು ಬೇಡ...'

ಮೆಟ್ಟಿಲ ಮೇಲೆ ನಿಂತೇ ನೋಡಿದಳು. ಯಂತ್ರದ ಮೈತುಂಬ ಬೆರಳು ದಪ್ಪದ ಕೆಂಪು ಧೂಳು. ಒಂದು ಫೋಟೋ ಹೊಡೆದು ಇಳಿದುಬಿಟ್ಟಳು. ಮುಚ್ಚಳ ತೆಗೆಯಲಿಲ್ಲ.

ವ್ಯಾನಿನಲ್ಲಿ ಕೂತು, ತನ್ನನ್ನು ಆ ಮನೆಗೆ ಕಳಿಸಿದ್ದ ವಾರಂಟಿ ಕಂಪನಿಗೆ ಫೋನ್ ಮಾಡಿದಳು. ಆ ಕಡೆಯವನಿಗೆ ಅವಸರ.

"ಕಂಪ್ರೆಸರ್ ಹೋಗಿದೆಯಾ?"

"ಹೂಂ, ಓಡ್ತಾ ಇಲ್ಲ."

"ಗಲೀಜಿದೆಯಾ?"

"ಧೂಳಿದೆ."

"ಹಾಗಾದ್ರೆ ನೋಡ್ಕೊಂಡಿಲ್ಲ. ಸರಿಯಾಗಿ ಆರೈಕೆ ಮಾಡಿಲ್ಲ ಅಂತ ನಿಮ್ಮ ವರದೀಲಿ ಬರೀಲಾ?"

ಡೆಲ್ಫೀನಾ ಕಿಟಕಿಯಾಚೆ ನೋಡಿದಳು. ಅನ್ಸೆಲ್ಮೊ ಬಾಗಿಲಲ್ಲಿ ನಿಂತು ಅವಳಿಗೆ ಕೈ ಬೀಸುತ್ತಿದ್ದ.

"...ಹೂಂ."

ಒಂದೇ ಒಂದು ಹೂಂ.

* * *

ಎರಡು ದಿನ ಕಳೆದ ಮೇಲೆ ಅವನೇ ಫೋನ್ ಮಾಡಿದ.

"ಕ್ಲೇಮ್ ತಿರಸ್ಕರಿಸಿದಾರೆ. ಇಪ್ಪತ್ತು ಪುಟದ ಕರಾರುಪತ್ರ ಮುಂದಿಟ್ಕೊಂಡು ಕೂತಿದೀನಿ, ಒಂದಕ್ಷರ ತಲೆಗೆ ಹತ್ತಲ್ಲ. ನಿಮಗೆ ಇದೆಲ್ಲಾ ಗೊತ್ತಲ್ವಾ... ಒಂದ್ಸಲ ಬಂದು ಓದಿ ಹೇಳ್ತೀರಾ?"

ಆಗಲ್ಲ ಎನ್ನಬೇಕೆಂದುಕೊಂಡಳು. ಬಾಯಿಂದ ಬಂದದ್ದು, "ಬರ್ತೀನಿ."

ಬರಿಗೈಯಲ್ಲಿ ಹೋಗಲಿಲ್ಲ. ತನ್ನ ಮಲಗುವ ಕೋಣೆಯ ಚಿಕ್ಕ ಎಸಿಯನ್ನೇ ಬಿಚ್ಚಿಕೊಂಡು ಹೋಗಿ ದೋನ್ಯ ಬೆರ್ತಾಳ ಕೋಣೆಯ ಕಿಟಕಿಗೆ ಕೂರಿಸಿದಳು.

"ಎಂಥಾ ಒಳ್ಳೇ ಹುಡುಗಿ!" ಮುದುಕಿ ಅವಳ ಕೆನ್ನೆ ಹಿಡಿದು ಮುತ್ತಿಟ್ಟಳು. "ಲೋ ಅನ್ಸೆಲ್ಮೊ, ಕಣ್ಬಿಟ್ಟು ನೋಡೋ!"

"ನೋಡ್ತಾನೇ ಇದೀನಮ್ಮಾ," ಎಂದ ಅವನು ಮೆಲ್ಲಗೆ.

ಮುತ್ತು ಬಿದ್ದ ಕೆನ್ನೆ ಡೆಲ್ಫೀನಾಳಿಗೆ ಏಟು ತಿಂದಂತೆ ಉರಿಯಿತು.

ಅಡುಗೆಮನೆಯ ಮೇಜಿನ ಮೇಲೆ ಕಾಗದ ಹರಡಿಕೊಂಡು ಇಬ್ಬರೂ ಕೂತರು.

"ಹೋಮ್ ವಾರಂಟಿ ಅಂದ್ರೆ ವಿಮೆ ಅಲ್ಲ," ಅವಳು ಬೆರಳಿಟ್ಟು ತೋರಿಸಿದಳು. "ಬೆಂಕಿ ಬಿದ್ರೆ, ಆಲಿಕಲ್ಲು ಬಿದ್ರೆ ವಿಮೆಯೋರು ನೋಡ್ಕೋತಾರೆ. ಯಂತ್ರ ದುಡಿದೂ ದುಡಿದೂ ಸವೆದು ನಿಂತ್ರೆ ಅದು ವಾರಂಟಿಯೋರ ಜವಾಬ್ದಾರಿ. ಕಂಪ್ರೆಸರ್, ಮೋಟರು, ಬಿಸಿ ಮಾಡೋ ಸುರುಳಿ... ಎಲ್ಲಾ ಇದೆ ನೋಡಿ."

"ಮತ್ತೆ ನಮಗೆ ಯಾಕೆ ಇಲ್ಲ ಅಂದ್ರು?"

"ಆರೈಕೆ ಮಾಡದೇ ಕೆಟ್ರೆ ಕೊಡಲ್ಲ ಅಂತ ಇಲ್ಲಿ ಬರೆದಿದಾರೆ..."

"ಆರೈಕೆ ಮಾಡಿಲ್ವಾ!" ಅನ್ಸೆಲ್ಮೊ ಎದ್ದೇ ಬಿಟ್ಟ. "ಪ್ರತಿ ವರ್ಷ ಬೇಸಿಗೆಗೆ ಮುಂಚೆ ಬಿಚ್ಚಿಸಿ ತೊಳಸ್ತೀನಿ. ನೀವು ಬರೋ ಹಿಂದಿನ ದಿನ ಧೂಳಿನ ಬಿರುಗಾಳಿ ಬಂದಿತ್ತಲ್ಲ, ಊರಿಗೆ ಊರೇ ಕೆಂಪಾಗಿತ್ತು... ಮೇಲೆ ಧೂಳು ಕೂರದೇ ಇರತ್ತಾ?"

ಬಿರುಗಾಳಿ... ಹೌದಲ್ಲ! ನನ್ನ ವ್ಯಾನನ್ನೇ ಅಂದು ಎರಡು ಸಲ ಒರೆಸಿದ್ದೆನಲ್ಲ! ಡೆಲ್ಫೀನಾಳ ಬೆರಳು ಕಾಗದದ ಮೇಲೇ ನಿಂತುಹೋಯಿತು.

ಅನ್ಸೆಲ್ಮೊ ಮತ್ತೆ ಕೂತು ಮುಂದಿನ ಸಾಲನ್ನು ತಾನೇ ಗಟ್ಟಿಯಾಗಿ ಓದಿದ. "'ಕಂಪನಿಯ ತೀರ್ಮಾನ ಮೆಕ್ಯಾನಿಕ್ ನೀಡುವ ವರದಿಯನ್ನು ಅವಲಂಬಿಸಿರುತ್ತದೆ...' ಅಂದ್ರೆ ನಿಮ್ಮ ವರದಿ?"

ಅವಳು ಕಾಗದದ ಅಂಚನ್ನು ಮಡಿಚಿದಳು.

'ಹೇಳಿಬಿಡು... ಈಗಲೇ ಹೇಳಿಬಿಡು ಡೆಲ್ಫೀನಾ!'

"ನೀವು ಸರಿಯಾಗೇ ಬರೆದಿರ್ತೀರಿ ಬಿಡಿ," ಎಂದು ಅವನೇ ನಕ್ಕುಬಿಟ್ಟ. "ಕಂಪನಿಯೋರೇ ತಿರುಚಿದಾರೆ. ಅವರಿಂದ ಆ ವರದಿಯ ಪ್ರತಿ ತರಿಸ್ಕೋಬಹುದಾ?"

"...ತರಿಸ್ಕೋಬಹುದು. ಕೇಳೋ ಹಕ್ಕಿದೆ. ಮರುಪರಿಶೀಲನೆಗೂ ಬರೀಬಹುದು."

"ನೋಡಿದ್ರಾ? ನೀವಿಲ್ದಿದ್ರೆ ನನಗೆ ಇದೆಲ್ಲಾ ಯಾರು ಹೇಳ್ತಿದ್ರು?"

ಅವನ ಕೈ ಅವಳ ಕೈಮೇಲೆ ಬಂದು ಕೂತಿತು. ಬೆರಳ ತುದಿಗಳಲ್ಲಿ ತಂತಿ ಒತ್ತಿ ಒತ್ತಿ ಗಟ್ಟಿಯಾದ ಚರ್ಮ. ಅವಳು ಕೈ ಎಳೆದುಕೊಳ್ಳಲಿಲ್ಲ. ಎಳೆದುಕೊಳ್ಳಬೇಕಿತ್ತು...

ಆಮೇಲೆ ಒಂಬತ್ತು ದಿನ, ಕೆಲಸ ಮುಗಿಸಿ ಸಂಜೆ ಆ ಮನೆಗೆ ಹೋಗುವುದು ಅವಳಿಗೆ ಅಭ್ಯಾಸವಾಯಿತು. ದೋನ್ಯ ಬೆರ್ತಾ ಬಿಸಿ ರೊಟ್ಟಿಯಲ್ಲಿ ಹುರುಳಿ ಸುತ್ತಿ ಕೊಡುತ್ತಿದ್ದಳು. ಅನ್ಸೆಲ್ಮೊ ಪಿಟೀಲು ನುಡಿಸುತ್ತಿದ್ದ. ‘ನೀವು’ ಹೋಗಿ ‘ನೀನು’ ಬಂದದ್ದು ಯಾವಾಗ ಎಂದು ಇಬ್ಬರಿಗೂ ಗೊತ್ತಾಗಲಿಲ್ಲ.

"ನೀನು ನಕ್ಕಾಗಲೂ ಕಣ್ಣು ಎಲ್ಲೋ ಇರತ್ತಲ್ಲೇ, ಯಾಕೆ?" ಎಂದು ಒಮ್ಮೆ ಕೇಳಿದ.

"ಆಯಾಸ," ಎಂದಳು.

ಪ್ರತಿ ಸಂಜೆಯೂ ಹೇಳಬೇಕೆಂದೇ ಹೋಗುತ್ತಿದ್ದಳು. ಪ್ರತಿ ಸಂಜೆಯೂ ಹೇಳದೇ ಬರುತ್ತಿದ್ದಳು. ಅವಳಿಗೆ ಈ ಕಸುಬು ಕಲಿಸಿದ್ದು ತೀರಿಹೋದ ಅಪ್ಪ. 'ಮುಚ್ಚಳ ತೆಗೆಯದೆ ಬಾಯಿ ತೆಗೀಬೇಡ ಮಗಳೇ' ಎನ್ನುತ್ತಿದ್ದ. ವ್ಯಾನಿನ ಕನ್ನಡಿಯಲ್ಲಿ ತನ್ನ ಮುಖ ನೋಡಿಕೊಳ್ಳಲು ಅವಳಿಗೆ ಮನಸ್ಸಾಗುತ್ತಿರಲಿಲ್ಲ.

* * *

ಹತ್ತನೇ ದಿನ ಬೆಳಗ್ಗೆ ಹನ್ನೊಂದಕ್ಕೆ ಫೋನ್ ಬಂತು.

"ಅಮ್ಮ ಆಸ್ಪತ್ರೇಲಿದಾಳೆ," ಎಂದ ಅನ್ಸೆಲ್ಮೊ. ಅಷ್ಟೇ.

ಅವನು ಶಾಲೆಯ ಬೇಸಿಗೆ ತರಗತಿಗೆ ಹೋಗಿದ್ದಾಗ ಮನೆಯ ಹಳೇ ವೈರಿಂಗ್ ಆ ಕಿಟಕಿ ಎಸಿಯ ಭಾರ ತಡೆಯಲಾರದೆ ಕರೆಂಟು ಹೋಗಿತ್ತು. ಪಕ್ಕದ ಮನೆಯವರು ಬಂದು ನೋಡುವಷ್ಟರಲ್ಲಿ ದೋನ್ಯ ಬೆರ್ತಾ ನೆಲದ ಮೇಲೆ ಬಿದ್ದಿದ್ದಳು.

ಡೆಲ್ಫೀನಾ ಆಸ್ಪತ್ರೆಯ ಓಣಿಯಲ್ಲಿ ಓಡಿಕೊಂಡು ಬಂದಳು.

"ಹೇಗಿದಾರೆ? ಅನ್ಸೆಲ್ಮೊ, ಹೇಳೋ!"

"ಉಸಿರಾಡ್ತಿದಾಳೆ. ಬದುಕ್ತಾಳಂತೆ."

ಅವಳು ಗೋಡೆಗೆ ಒರಗಿದಳು. "ನಾನು ನಿನಗೊಂದು ಮಾತು ಹೇಳ್ಬೇಕು. ಎಷ್ಟೋ ದಿನದಿಂದ..."

ಅವನು ಕಂಪನಿಯಿಂದ ಬಂದಿದ್ದ ಕಾಗದವೊಂದನ್ನು ಜೇಬಿನಿಂದ ತೆಗೆದು ಅವಳ ಮುಂದೆ ಹಿಡಿದ.

ಅವಳ ವರದಿ! ಕೆಳಗೆ ಅವಳದೇ ಹೆಸರು.

"'ಯಂತ್ರದ ಒಳಭಾಗದಲ್ಲಿ ಕೊಳೆ ಕಟ್ಟಿಕೊಂಡಿದೆ. ಆರೈಕೆ ಇಲ್ಲ.' ಒಳಭಾಗ ನೋಡಿದ್ಯಾ ನೀನು?"

"ಇಲ್ಲ..."

"ತಾರಸಿ ಮೇಲಕ್ಕಾದ್ರೂ ಹತ್ತಿದ್ಯಾ?"

"...ಇಲ್ಲ."

"ನಮ್ಮನೇಲಿ ಕೂತು ಊಟ ಮಾಡ್ದೆ. ನಾನು ಕಂಪನಿಯೋರನ್ನ ಬೈತಿದ್ರೆ ತಲೆ ಆಡಿಸ್ದೆ!" ಅವನು ಕಾಗದವನ್ನು ಮತ್ತೆ ಜೇಬಿಗೆ ತುರುಕಿದ. "ಈಗ ಗೊತ್ತಾಯ್ತು. ಅವರು ಹೇಳಿದ ಹಾಗೆ ಬರೆದುಕೊಟ್ಟೆ. ಆಮೇಲೆ ನಾನು ದೂರು ಕೊಡದೇ ಇರ್ಲಿ ಅಂತ ಆ ಎಸಿ ತಂದಿಟ್ಟೆ. ಈ ಪ್ರೀತಿಯೂ ಅದಕ್ಕೇ ಅಲ್ವಾ?"

"ಅಲ್ಲ! ಅನ್ಸೆಲ್ಮೊ, ಅದು ಮಾತ್ರ ಅಲ್ಲ! ನನಗೆ ಅವತ್ತು ತಲೆ ತಿರುಗ್ತಿತ್ತು, ಹೆದರ್ಕೊಂಡೆ... ಆಮೇಲೆ ಹೇಳೋಕೆ ನಾಚಿಕೆ ಆಯ್ತು... ಅಷ್ಟೇ..."

"ಅಷ್ಟೇನಾ?" ಅವನು ಕೋಣೆಯ ಬಾಗಿಲ ಕಡೆ ನೋಡಿದ. "ಹೋಗು ಇಲ್ಲಿಂದ."

ಹೇಳಿ ತಾನೇ ಹೊರಟುಹೋದ, ಡಾಕ್ಟರನ್ನು ಹುಡುಕಿಕೊಂಡು.

ಡೆಲ್ಫೀನಾ ಹೋಗಲಿಲ್ಲ. ಓಡಿಹೋಗಿ ಎಲ್ಲಾದರೂ ಅಡಗಿಕೊಳ್ಳಬೇಕೆನ್ನಿಸಿದರೂ, ಕಾಲುಗಳು ಅವಳನ್ನು ಕೋಣೆಯೊಳಕ್ಕೆ ಕರೆದೊಯ್ದವು. ಮುದುಕಿ ಮೂಗಿಗೆ ನಳಿಗೆ ಹಾಕಿಕೊಂಡು ಮಲಗಿದ್ದಳು. ಕಣ್ಣು ತೆರೆದಿತ್ತು.

ಡೆಲ್ಫೀನಾ ಮಂಚದ ಪಕ್ಕ ಮಂಡಿಯೂರಿ ಎಲ್ಲವನ್ನೂ ಹೇಳಿದಳು. ಏಣಿ, ಧೂಳು, ಆ ಒಂದು ಹೂಂ. ಏನೂ ಮುಚ್ಚಿಡಲಿಲ್ಲ.

ದೋನ್ಯ ಬೆರ್ತಾ ದಿಂಬಿನ ಮೇಲೆ ತಲೆ ಹೊರಳಿಸಿ ಅವಳನ್ನು ನೋಡಿದಳು.

"ನಾಚಿಕೆ ಆಗ್ತಿದೆಯಾ?"

"ಸತ್ತುಹೋಗೋಣ ಅನ್ನಿಸ್ತಿದೆ ಅಮ್ಮಾ..."

"ಥೂ, ಹುಚ್ಚಿ! ನಾಚಿಕೆ ಯಾರನ್ನೂ ಕೊಂದಿಲ್ಲ. ಸೆಕೆ ಕೊಲ್ಲತ್ತೆ." ಅವಳು ಉಸಿರೆಳೆದುಕೊಂಡಳು. "ನನ್ನ ಕೈಚೀಲದಲ್ಲಿ ಮನೆಯ ಬೀಗದಕೈ ಇದೆ. ಇಲ್ಲಿ ಕೂತು ಅಳ್ಬೇಡ. ಹೋಗು, ಹತ್ತು."

* * *

ಮರುದಿನ ಸೂರ್ಯ ಬೆಟ್ಟದ ಮೇಲೆ ಬರುವ ಮುಂಚೆ ಅವಳು ತಾರಸಿಯ ಮೇಲಿದ್ದಳು.

ಧೂಳು ಒರೆಸಿ, ಎಂಟು ತಿರುಪು ಬಿಚ್ಚಿ ಮುಚ್ಚಳ ತೆಗೆದಳು. ಒಳಗೆ... ಒಳಗೆ ಕನ್ನಡಿಯಂತೆ ಸ್ವಚ್ಛ! ಮುಚ್ಚಳದ ಹಿಂಬದಿಯಲ್ಲಿ ಒಂದು ಚೀಟಿ, ಏಳು ವರ್ಷದ ಏಳು ತಾರೀಖು, ಪ್ರತಿಯೊಂದರ ಮುಂದೆ ‘ತೊಳೆದಾಯ್ತು’ ಎಂಬ ಗುರುತು. ಕಂಪ್ರೆಸರಿನ ತಂತಿ ಮಾತ್ರ ವಯಸ್ಸಾಗಿ ಸುಟ್ಟುಹೋಗಿತ್ತು. ವಾರಂಟಿ ಕೊಡಲೇಬೇಕಾದ, ಬರೀ ಸವೆತದ ಕೇಸು.

ಅವಳು ಆ ಯಂತ್ರದ ಪಕ್ಕದಲ್ಲೇ ಕುಸಿದು ಕೂತು ಅತ್ತಳು. ಆಮೇಲೆ ಕಣ್ಣೊರೆಸಿಕೊಂಡು ಒಂದೊಂದು ಭಾಗದ ಫೋಟೋ ತೆಗೆದು, ಅಲ್ಲೇ ಹೊಸ ವರದಿ ಬರೆದಳು.

‘ನನ್ನ ಮೊದಲ ವರದಿ ಸುಳ್ಳು. ಅಂದು ನಾನು ತಾರಸಿಗೆ ಹತ್ತಿರಲಿಲ್ಲ, ಮುಚ್ಚಳ ತೆಗೆದಿರಲಿಲ್ಲ. ಮನೆಯವರ ತಪ್ಪು ಏನೂ ಇಲ್ಲ. ತಪ್ಪು ನನ್ನದು.’

ಕಂಪನಿಯಿಂದ ಫೋನ್ ಬಂದಾಗ ಇನ್ನೂ ಒಂಬತ್ತು ಗಂಟೆ.

"ಏನ್ರೀ ಇದು? ಇದು ಕಡತಕ್ಕೆ ಹೋದ್ರೆ ನಮ್ಮ ಪಟ್ಟಿಯಿಂದ ನಿಮ್ಮ ಹೆಸರು ತೆಗೀಬೇಕಾಗತ್ತೆ. ವಾಪಸ್ ತಗೊಳ್ಳಿ."

"ತೆಗೀರಿ. ಆದ್ರೆ ಕಡತಕ್ಕೆ ಹಾಕಿ. ಒಂದು ಪ್ರತಿ ಆ ಮನೆಯವರಿಗೂ ಕಳಿಸಿ."

ಅನ್ಸೆಲ್ಮೊಗೆ ಅವಳು ಫೋನ್ ಮಾಡಲಿಲ್ಲ. ಬೀಗದಕೈಯನ್ನು ಆಸ್ಪತ್ರೆಯ ನರ್ಸ್ ಕೈಗೆ ಕೊಟ್ಟು ಬಂದಳು. ಯಾವ ಮುಖ ಹೊತ್ತು ಅವನೆದುರು ನಿಲ್ಲುವುದು?

ಎರಡು ವಾರ ಕಳೆಯಿತು. ವಾರಂಟಿ ಕೆಲಸ ನಿಂತುಹೋಗಿತ್ತು. ಪರಿಚಯದವರ ಮನೆಗಳ ಚಿಕ್ಕಪುಟ್ಟ ರಿಪೇರಿ ಮಾಡಿಕೊಂಡಿದ್ದಳು. ಪ್ರತಿ ಮನೆಯಲ್ಲೂ ಮೊದಲು ಮುಚ್ಚಳ ತೆಗೆಯುತ್ತಿದ್ದಳು.

ಒಂದು ಸಂಜೆ ಅಂಗಳದಲ್ಲಿ ವ್ಯಾನು ತೊಳೆಯುತ್ತಿದ್ದಾಗ ಗೇಟು ಕಿರ್ರೆಂದಿತು.

ಅನ್ಸೆಲ್ಮೊ! ಎರಡೂ ತೋಳಿನಲ್ಲಿ ಅವಳ ಕಿಟಕಿ ಎಸಿಯನ್ನು ಅಪ್ಪಿಕೊಂಡು, ಬೆವರಿಳಿಸುತ್ತ ನಿಂತಿದ್ದ.

"ಇದನ್ನ ಎಲ್ಲಿಡ್ಲಿ? ಕೈ ಬಿದ್ದುಹೋಗ್ತಿದೆ!"

"ಅ... ಅಲ್ಲೇ ಇಡು."

ಇಟ್ಟ. ಹಣೆಯ ಬೆವರು ಒರೆಸಿಕೊಂಡ.

"ನಿನ್ನೆ ಹೊಸ ಕಂಪ್ರೆಸರ್ ಹಾಕಿದ್ರು," ಎಂದ ಅವನು. "ಅಮ್ಮ ಮನೆಗೆ ಬಂದಿದಾಳೆ. ಕಂಬಳಿ ಹೊದ್ಕೊಂಡು, ಚಳಿ ಚಳಿ ಅಂತ ಬೈತಾಳೆ."

ಅವಳಿಗೆ ನಗುವೂ ಅಳುವೂ ಒಟ್ಟಿಗೇ ಬಂತು.

"ನಿನ್ನ ಎರಡನೇ ವರದಿ ಓದ್ದೆ," ಎಂದ. "ನಾಲ್ಕು ಸಲ ಓದ್ದೆ. ಆಸ್ಪತ್ರೇಲಿ ನಿನಗೆ ಅಂದ ಮಾತು... ನಿನ್ನ ಪ್ರೀತಿಯೂ ದೂರು ತಪ್ಪಿಸೋಕೇ ಅಂದೆನಲ್ಲ... ನನಗೂ ನಾಚಿಕೆ ಆಗ್ತಿದೆ ಕಣೇ. ಎಸಿ ಒಂದು ನೆವ. ಅದಕ್ಕೇ ಬಂದೆ."

"ನಿನ್ನ ಕೋಪದಲ್ಲಿ ತಪ್ಪಿರ್ಲಿಲ್ಲ ಅನ್ಸೆಲ್ಮೊ. ನಿಮ್ಮಮ್ಮನಿಗೆ ಏನಾದ್ರೂ ಆಗಿದ್ರೆ... ನಾನು..." ಅವಳು ಮುಖ ಮುಚ್ಚಿಕೊಂಡಳು. "ನಾನು ನಿನ್ನನ್ನ ಪ್ರೀತಿಸ್ತೀನಿ. ಅದನ್ನ ಹೇಳೋ ಯೋಗ್ಯತೆ ಇಲ್ಲ ಅಂತ ಗೊತ್ತು. ಆದ್ರೂ ಇನ್ನೊಂದು ವಿಷಯ ನಿನ್ನಿಂದ ಮುಚ್ಚಿಡಕ್ಕೆ ನನ್ನಿಂದಾಗಲ್ಲ!"

ಅವನು ಹತ್ತಿರ ಬಂದು ಅವಳ ಕೈಗಳನ್ನು ಮುಖದಿಂದ ಮೆಲ್ಲನೆ ಬಿಡಿಸಿದ.

"ನಾನೂ ಪ್ರೀತಿಸ್ತೀನಿ. ಬಾ ಮನೆಗೆ. ಅಮ್ಮ ದಿನಾ ಕೇಳ್ತಾಳೆ."

"ಅವರ ಮುಂದೆ ಹೇಗೋ ಕೂರ್ಲಿ? ಈ ನಾಚಿಕೆ ಅಷ್ಟು ಬೇಗ ಹೋಗಲ್ಲ ಕಣೋ."

ಅನ್ಸೆಲ್ಮೊ ಅವಳ ಒದ್ದೆ ಬೆರಳುಗಳನ್ನು ತನ್ನ ಅಂಗೈಯೊಳಗೆ ಮುಚ್ಚಿಕೊಂಡ.

"ಹೋಗೋದು ಬೇಡ. ಅದನ್ನೂ ಜೊತೇಲೇ ಕರ್ಕೊಂಡು ಬಾ. ಮೇಜಿನ ಹತ್ರ ಇನ್ನೊಂದು ಕುರ್ಚಿ ಹಾಕಿದ್ರಾಯ್ತು."