ಹಿಂದೆ ಹಿಂದೆ ಬಂದ ಕತ್ತೆ

"ಅದನ್ನ ಸುತ್ತಬೇಡಿ... ಬಣ್ಣ ಒಣಗಿಲ್ಲ."

ಕೆಲಸಕ್ಕೆ ಸೇರಿದ ದಿನ ಅವಳು ನಿರ್ದೇಶಕನಿಗೆ ಆಡಿದ ಮೊದಲ ಮಾತು ಅದು. ಅಷ್ಟರಲ್ಲಿ ಅವನು ಸುತ್ತಿಯಾಗಿತ್ತು.

ಕ್ಯಾಮೆರಾ ಇಲ್ಲದ ಸಿನಿಮಾ. ಖಾಲಿ ಫಿಲ್ಮ್ ಪಟ್ಟಿಯ ಒಂದೊಂದು ಪುಟ್ಟ ಚೌಕದಲ್ಲೂ ಅವಳು ಕತ್ತೆ ಬಿಡಿಸಬೇಕು, ಪ್ರೊಜೆಕ್ಟರ್‌ನಲ್ಲಿ ಓಡಿಸಿದರೆ ಕತ್ತೆ ನಡೆಯಬೇಕು. ಹಸಿಯಿದ್ದಾಗ ಸುತ್ತಿದರೆ ಒಂದು ಸುತ್ತಿನ ಬಣ್ಣ ಮುಂದಿನ ಸುತ್ತಿನ ಬೆನ್ನಿಗೆ ಅಂಟಿ ಎಲ್ಲ ಕೆಡುತ್ತದೆ, ಬೆಣ್ಣೆ ಬರುವ ಹೊತ್ತಿಗೆ ಗಡಿಗೆ ಒಡೆದಂತೆ.

ಆತುರವಾಯಿತೆಂದು ಅವನು ಕ್ಷಮೆ ಕೇಳಿದ. ಅವಳು ತುಟಿ ಕಚ್ಚಿಕೊಂಡು ಮತ್ತೆ ಮೊದಲಿಂದ ಬಿಡಿಸಿದಳು. ಕಿವಿ, ಗೊರಸು, ಬಾಲ... ಕತ್ತು ನೋಯುವವರೆಗೆ.

ಇವತ್ತು ನೋಡಿದರೆ, ಮತ್ತೆ ಹಸಿ ಪಟ್ಟಿ ಅವನ ಕೈಯಲ್ಲಿ ಸುರುಳಿಯಾಗಿದೆ!

ನನ್ನ ಕೆಲಸ ಹಿಡಿಸಲಿಲ್ಲ ಅಂದರೆ ಬಾಯಿಬಿಟ್ಟು ಹೇಳಬಾರದಾ... ಅವಳು ಕುಂಚ ತೊಳೆದಿಟ್ಟು, ನಾಳೆಯಿಂದ ಬರುವುದಿಲ್ಲ ಎಂದಳು.

ಪ್ರೊಜೆಕ್ಟರ್ ನೋಡಿಕೊಳ್ಳುವ ಅವನ ಅಕ್ಕನಿಗೆ ತಮ್ಮನ ಸಂಕೋಚ ನೋಡಿ ನೋಡಿ ಸಾಕಾಗಿಹೋಗಿತ್ತು.

"ಹೋಗೋದಾದ್ರೆ ಹೋಗಮ್ಮ. ಮೊದಲ ದಿನ ಕೆಟ್ಟ ಪಟ್ಟೀನ ಒಂದ್ಸಲ ನೋಡ್ಬಿಟ್ಟು ಹೋಗು. ಆ ಕತ್ತೆ ನೋಡಿದ್ರೆ ಇಲ್ಲಿ ನಿಂತಿರೋ ಈ ಕತ್ತೆ ಅರ್ಥ ಆಗುತ್ತೆ."

ದೀಪ ಆರಿತು.

ಪರದೆಯ ಮೇಲೆ ಅವಳ ಕತ್ತೆ ನಡೆಯಿತು. ಅದರ ಹಿಂದೆ, ಅಂಟಿದ ಬಣ್ಣದಿಂದ ಮೂಡಿದ, ಅರ್ಧಂಬರ್ಧ ಕಾಲಿನ ಮಸುಕು ಕತ್ತೆಯೊಂದು... ಒಮ್ಮೆ ಹತ್ತಿರ ಬಂದು, ಒಮ್ಮೆ ಹಿಂದೆ ಬಿದ್ದು, ಬಿಡದೆ ಬರುತ್ತಿತ್ತು.

ಅವಳು ಪರದೆಯ ಹತ್ತಿರಕ್ಕೆ ಹೋಗಿ ನೋಡಿದಳು.

"ಮೊದಲನೇದು ತಪ್ಪಿನಿಂದ ಆಯ್ತು. ಇವತ್ತಿಂದು ಬೇಕಂತಲೇ," ಎಂದನವನು. "ನಿಮ್ಮ ಕತ್ತೆ ಒಂಟಿಯಾಗಿ ನಡೆಯೋದನ್ನ ನೋಡೋಕೆ ಆಗಲಿಲ್ಲ."

"ಕೇಳಿದ್ರೆ ನಾನೇ ಎರಡು ಬಿಡಿಸ್ತಿದ್ದೆ. ಬಾಯಿ ಇಲ್ವಾ ನಿಮಗೆ?"

"ನೀವು ಬಿಡಿಸಿದ್ರೆ ಅದು ನೆಟ್ಟಗೆ ನಡೀತಿತ್ತು. ಇದು ಎಡವಿಕೊಂಡು ಹಿಂದೆ ಹಿಂದೆ ಬರ್ತಿದೆ... ನನ್ನ ಹಾಗೆ."

ಅಕ್ಕ ಕೆಮ್ಮಿ, ನೀರು ಕುಡಿಯುವ ನೆಪದಲ್ಲಿ ಹೊರಗೆ ಹೋದಳು.

ಇಷ್ಟು ಹೇಳೋಕೆ ನನ್ನ ದುಡಿಮೆಯೆಲ್ಲ ಹಾಳು ಮಾಡಬೇಕಿತ್ತಾ ಎಂದು ಅವಳಿಗೆ ಅಳು ಬಂತು. ನಗುವೂ ಬಂತು. ದೀಪ ಹಾಕಿ, ಇವತ್ತಿನ ಸುರುಳಿಯನ್ನು ಮೆಲ್ಲಗೆ ಬಿಚ್ಚಿ, ಒಂದು ತುದಿ ಅವನ ಕೈಗೆ ಕೊಟ್ಟಳು. ಇನ್ನೊಂದು ತುದಿ ತಾನು ಹಿಡಿದಳು.

"ಒಣಗೋವರೆಗೂ ಬಿಡಬೇಡಿ."

"ಒಣಗಿದ ಮೇಲೆ?"

"ಆಮೇಲೂ ಬಿಡಬೇಡಿ... ಈಗ ಕೈ ಅಲುಗಿಸದೆ ನಿಂತ್ಕೊಳ್ಳಿ."